ಫೈಬರ್ ದೋಟಿ: ಎರಡು ಮಳೆಗಾಲ, ಎರಡು ಕೊಯ್ಲು ಮುಗಿಸಿದ ಮೇಲೆ ನನ್ನ ಅನುಭವ

ಎರಡು ವರ್ಷದ ಹಿಂದೆ ತಗೊಂಡ ಕಾರ್ಬನ್ ಫೈಬರ್ ದೋಟಿ (ನೆಲದಲ್ಲಿ ನಿಂತೇ ಅಡಿಕೆ ಕೊಯ್ಯುವ, ಮದ್ದು ಹೊಡೆಯುವ ಉದ್ದ ಕೋಲು) ಬಗ್ಗೆ ಬರೀಬೇಕು ಅಂತ ತುಂಬಾ ದಿನದಿಂದ ಅಂದುಕೊಂಡಿದ್ದೆ. ನಮ್ಮದು ತೀರ್ಥಹಳ್ಳಿ ತಾಲೂಕಿನಲ್ಲಿ ಎರಡೂವರೆ ಎಕರೆ ಅಡಿಕೆ ತೋಟ. ಅರ್ಧ ಅಜ್ಜನ ಕಾಲದ್ದು, ಮರಗಳು 50ರಿಂದ 60 ಅಡಿ. ಇನ್ನರ್ಧ ಅಪ್ಪ ಹಾಕಿದ್ದು, ಸುಮಾರು 35 ಅಡಿ. ಕಂಪನಿ ಹೆಸರು ಬೇಕಂತಲೇ ಬರೆದಿಲ್ಲ. ನಾನು ನೋಡಿದ ನಾಲ್ಕೈದು ದೋಟಿಗಳು ಹೆಚ್ಚು ಕಡಿಮೆ ಒಂದೇ ಥರ ಇದ್ದವು, ಹಾಗಾಗಿ ಇಲ್ಲಿ ಹೇಳುವ ಮಾತು ಯಾವುದಕ್ಕಾದರೂ ಹೊಂದುತ್ತೆ.

ದೋಟಿ ಬಗ್ಗೆ ಕೇಳುವವರೆಲ್ಲ ಮೊದಲು ಕೇಳುವುದು ಎಷ್ಟು ಆಳು ಉಳಿಯುತ್ತೆ, ದಿನಕ್ಕೆ ಎಷ್ಟು ಮರ ಆಗುತ್ತೆ ಅಂತ. ಅದನ್ನೂ ಹೇಳ್ತೀನಿ. ಆದರೆ ನಾನು ತಗೊಂಡಿದ್ದು ಆ ಲೆಕ್ಕಕ್ಕಲ್ಲ.

ನಮ್ಮ ಮನೆಗೆ ಮೂವತ್ತು ವರ್ಷ ಮರ ಹತ್ತಿ ಕೊನೆ (ಅಡಿಕೆ ಗೊಂಚಲು) ಇಳಿಸಿದ ಕೊನೆಗಾರರೊಬ್ಬರಿದ್ದಾರೆ. ನಾನು ಅಣ್ಣ ಅಂತಲೇ ಕರೆಯೋದು. ಒಂದು ಮರ ಹತ್ತಿದರೆ ಇಳೀತಿರಲಿಲ್ಲ, ಮರವನ್ನೇ ತೂಗಿ ಪಕ್ಕದ ಮರಕ್ಕೆ ದಾಟಿ, ಹಾಗೇ ಹತ್ತು ಹನ್ನೆರಡು ಮರ ಮುಗಿಸಿ ಕೆಳಗೆ ಬರ್ತಿದ್ದರು. ಅವರ ಪಾದದ ಒಳಭಾಗ ನೋಡಿದರೆ ಗೊತ್ತಾಗುತ್ತೆ. ಹೆಬ್ಬೆರಳ ಬುಡದಿಂದ ಹಿಮ್ಮಡಿವರೆಗೆ ಚರ್ಮ ಚಪ್ಪಲಿ ಅಟ್ಟೆ ಥರ ದಪ್ಪ, ಕಪ್ಪು. ಎದೆ ಮೇಲೂ ಮರ ಉಜ್ಜಿ ಉಜ್ಜಿ ಅಂಥದ್ದೇ ಒಂದು ಪಟ್ಟಿ. ಮದ್ದಿಗೆ ಹಾಕುವ ಮೈಲುತುತ್ತಿನ (ತಾಮ್ರದ ಸಲ್ಫೇಟ್) ನೀಲಿ ಉಗುರಿನ ಸಂದಿಯಿಂದ ದೀಪಾವಳಿವರೆಗೂ ಹೋಗ್ತಿರಲಿಲ್ಲ. ಐದು ವರ್ಷದ ಹಿಂದೆ ಆಷಾಢದಲ್ಲಿ, ಅಡಿಕೆ ಕೊಳೆತು ಉದುರುವ ಕೊಳೆರೋಗಕ್ಕೆ ಎರಡನೇ ಮದ್ದು ಹೊಡೆಯುವಾಗ, ಪಾಚಿ ಕಟ್ಟಿದ ಮರದಲ್ಲಿ ಕಾಲು ಜಾರಿ ಬಿದ್ದರು. ಕೆಳಗೆ ಅಡಿಕೆ ಹಾಳೆ, ಸೊಪ್ಪು ಇದ್ದದ್ದಕ್ಕೆ ಜೀವ ಉಳೀತು. ಸೊಂಟ ಉಳೀಲಿಲ್ಲ. ಆಸ್ಪತ್ರೆಯ ಚೀಟಿಯಲ್ಲಿ ಬರೆದದ್ದು "ಎತ್ತರದಿಂದ ಬಿದ್ದದ್ದು" ಅಂತ ಮಾತ್ರ. ಏನು ಕೆಲಸ ಮಾಡ್ತಾ ಬಿದ್ದರು, ಎಷ್ಟು ವರ್ಷದಿಂದ ಆ ಕೆಲಸ, ಯಾರೂ ಕೇಳಲಿಲ್ಲ. ನಾನೂ ಬಾಯಿ ಬಿಟ್ಟು ಹೇಳಲಿಲ್ಲ, ಆವತ್ತು ಹೊಳೆಯಲೂ ಇಲ್ಲ.

ಆಮೇಲೆ ಓದಿದೆ, ಇಟಲಿಯ ರಾಮಝೀನಿ ಅನ್ನುವ ವೈದ್ಯ 1700ರಲ್ಲೇ ಈ ಮಾತು ಹೇಳಿದ್ದನಂತೆ. ರೋಗಿ ಬಂದಾಗ ಹಳೇ ವೈದ್ಯರು ಕೇಳುತ್ತಿದ್ದ ಪ್ರಶ್ನೆಗಳ ಜೊತೆ ಇನ್ನೊಂದು ಸೇರಿಸಿ, ನೀನು ಏನು ಕೆಲಸ ಮಾಡ್ತೀಯ ಅಂತ ಕೇಳಿ ಅಂತ. ಮುನ್ನೂರು ವರ್ಷದ ಮೇಲಾಯ್ತು.

ಈಗ ದೋಟಿಗೆ ಬರ್ತೀನಿ. ನನ್ನದು 60 ಅಡಿಯದು, ಒಂದರೊಳಗೊಂದು ಸೇರುವ ಕೊಳವೆಗಳು, ಮಡಚಿದರೆ ಎಂಟಡಿ. ಕತ್ತಿ, ಮದ್ದಿನ ಪೈಪಿಗೆ ಕೊಕ್ಕೆ ಎಲ್ಲ ಸೇರಿ 72,000 ರೂಪಾಯಿ ಆಯ್ತು. ಅಡಿಕೆ ತೂಗುವ ತಕ್ಕಡಿಗೆ ಇಟ್ಟೆ, 6 ಕೆಜಿಗೆ ಸ್ವಲ್ಪ ಕಮ್ಮಿ. ಕೈಯಲ್ಲಿ ಹಿಡಿದರೆ ಏನೂ ಅಲ್ಲ. ಆದರೆ ಪೂರ್ತಿ ಎಳೆದು ನಿಲ್ಲಿಸಿದಾಗ ತುದಿ ಗಾಳಿಗೆ ಬಾಗುತ್ತೆ, ಆಗ ಅದನ್ನ ಹಿಡಿದು ನಿಲ್ಲಿಸೋದೇ ಒಂದು ಕೆಲಸ. 40 ಅಡಿವರೆಗೆ ಒಬ್ಬರೇ ಮಾಡಬಹುದು. ಅದರ ಮೇಲೆ ಕೈ ಪಳಗಲೇಬೇಕು. ಅಣ್ಣನ ಮಗ ಈಗ ನಮ್ಮಲ್ಲಿ ದೋಟಿ ಹಿಡಿಯೋದು, ಅವನಿಗೆ ಸರಿಯಾಗಿ ಪಳಗಲು ಹದಿನೈದು ದಿನ ಬೇಕಾಯ್ತು. ಮೊದಲ ವಾರ ಕತ್ತಿ ಕೊನೆಗೆ ಸಿಗುವ ಬದಲು ಸೋಗೆಗೆ (ಅಡಿಕೆ ಗರಿಗೆ) ಸಿಗ್ತಿತ್ತು.

ಕೊಯ್ಲಿನಲ್ಲಿ ಒಂದು ತೊಂದರೆ ಇದೆ. ಮರ ಹತ್ತಿದವರು ಕೊನೆಯನ್ನ ಹಗ್ಗದ ಮೇಲೆ ಜಾರಿಸಿ ಬಿಡ್ತಾರೆ, ಒಂದು ಅಡಿಕೆ ಉದುರಲ್ಲ. ದೋಟಿಯಲ್ಲಿ ಕೊಯ್ದದ್ದು ನೇರ ಬೀಳುತ್ತೆ. ಇಬ್ಬರು ಬಲೆ ಹಿಡಿದು ನಿಲ್ಲಬೇಕು. ಹಿಡಿದರೂ ಒಂದಷ್ಟು ಉದುರೇ ಉದುರುತ್ತೆ, ಸಂಜೆ ಹೆಕ್ಕೋ ಕೆಲಸ ಜಾಸ್ತಿ. ಬಲೆ ಹಿಡಿಯುವವರಿಗೆ ಹೆಲ್ಮೆಟ್ ಕೊಡಿ, ಬೈಕಿನದ್ದಾದರೂ ಸರಿ. ಅಷ್ಟು ಎತ್ತರದಿಂದ ಬರುವ ಹತ್ತು ಕೆಜಿ ಕೊನೆ ತಲೆ ಮೇಲೆ ಬಿದ್ದರೆ ಏನಾಗುತ್ತೆ ಅಂತ ಬಿಡಿಸಿ ಹೇಳಬೇಕಾ.

ಉದುರುತ್ತೆ ಅನ್ನೋ ಒಂದೇ ಕಾರಣಕ್ಕೆ ನಮ್ಮೂರಲ್ಲಿ ದೋಟಿ ತಗೊಂಡು ಅಟ್ಟದ ಮೇಲೆ ಇಟ್ಟವರಿದ್ದಾರೆ. ಹತ್ತುವವರು ಸಿಕ್ಕರೆ ಹತ್ತಿಸೋದು, ಸಿಗದಿದ್ದರೆ ದೋಟಿ. ಇದನ್ನ ನೋಡಿದಾಗೆಲ್ಲ ನನಗೆ ಲಂಡನ್ನಿನ ಚಿಮಣಿ ಹುಡುಗರು ನೆನಪಾಗ್ತಾರೆ. ಅಲ್ಲಿ ಮನೆಗಳ ಚಿಮಣಿ ಒಳಗೆ ಮಸಿ ಕೆರೆಯಲು ಚಿಕ್ಕ ಹುಡುಗರನ್ನ ಹತ್ತಿಸ್ತಿದ್ದರು, ಐದಾರು ವರ್ಷದ ಮಕ್ಕಳನ್ನೂ ಬಿಡ್ತಿರಲಿಲ್ಲ. ಮಸಿ ತೊಡೆಸಂದಿಯ ಚರ್ಮದ ಮಡಿಕೆಯಲ್ಲಿ ಕೂತು, ದೊಡ್ಡವರಾದ ಮೇಲೆ ವೃಷಣದ ಚೀಲಕ್ಕೆ ಕ್ಯಾನ್ಸರ್ ಬರ್ತಿತ್ತು. 1775ರಲ್ಲಿ ಪರ್ಸಿವಲ್ ಪಾಟ್ ಅನ್ನುವ ಸರ್ಜನ್ ಇದು ಕೆಲಸದಿಂದಲೇ ಬರುವ ಕಾಯಿಲೆ ಅಂತ ಬರೆದ. ಒಂದು ಕಸುಬಿಗೂ ಕ್ಯಾನ್ಸರಿಗೂ ನಂಟು ಹಾಕಿ ತೋರಿಸಿದ್ದು ಅದೇ ಮೊದಲು. 1803ರಲ್ಲಿ ಜಾರ್ಜ್ ಸ್ಮಾರ್ಟ್ ಅನ್ನುವವನು ಒಂದು ಸಾಧನ ಮಾಡಿದ. ಟೊಳ್ಳು ಕೊಳವೆಗಳು, ಒಂದಕ್ಕೊಂದು ಜೋಡಿಸೋದು, ಒಳಗೆ ಹಗ್ಗ, ತುದಿಗೆ ಬ್ರಷ್. ಕೆಳಗೆ ನಿಂತೇ ಚಿಮಣಿ ಗುಡಿಸಬಹುದು. ನಮ್ಮ ದೋಟಿಯೇ ಅಲ್ವಾ ಅದು! ಆದರೂ ಮನೆಯವರು ಒಪ್ಪಲಿಲ್ಲ. ಚಿಮಣಿಯ ತಿರುವಿನಲ್ಲಿ ಸರಿಯಾಗಿ ಗುಡಿಸಲ್ಲ, ಕೋಣೆಯೆಲ್ಲ ಮಸಿ ಆಗುತ್ತೆ, ಹುಡುಗನೇ ವಾಸಿ ಅಂದರು. ಹುಡುಗರನ್ನ ಹತ್ತಿಸೋದು ನಿಜವಾಗಿ ನಿಂತದ್ದು 1875ರ ಕಾಯ್ದೆ ಬಂದ ಮೇಲೆ, ಆ ವರ್ಷ ಹನ್ನೊಂದು ಹನ್ನೆರಡು ವರ್ಷದ ಹುಡುಗನೊಬ್ಬ ಚಿಮಣಿಯಲ್ಲಿ ಸಿಕ್ಕಿಕೊಂಡು ಸತ್ತ ಮೇಲೆ. ಸಾಧನ ಕೈಯಲ್ಲಿದ್ದೂ 72 ವರ್ಷ. ಕೋಣೆಗೆ ಮಸಿ ಬೀಳುತ್ತೆ ಅಂತ.

ನಮ್ಮಲ್ಲಿ ಅಡಿಕೆ ಉದುರುತ್ತೆ ಅಂತ. ನಾನು ಲೆಕ್ಕ ಇಟ್ಟೆ, ಉದುರಿ ಹಾಳಾದದ್ದು ಇಡೀ ಕೊಯ್ಲಿನಲ್ಲಿ ಒಂದು ಬುಟ್ಟಿಯೂ ತುಂಬಲಿಲ್ಲ.

ಇನ್ನು ಮದ್ದು. ದೋಟಿ ನಿಜವಾಗಿ ಬೆಲೆ ತೀರಿಸೋದು ಇಲ್ಲೇ, ಹೊಸ ತೊಂದರೆ ತರೋದೂ ಇಲ್ಲೇ. ಕೊಳೆರೋಗಕ್ಕೆ ಮೊದಲು ಕೊನೆಗೆ ಕೊಟ್ಟೆ (ಮಳೆ ತಾಗದ ಹಾಗೆ ಹೊದಿಕೆ) ಕಟ್ಟುತ್ತಿದ್ದರು. 1908ರಲ್ಲಿ ಮೈಸೂರು ಸಂಸ್ಥಾನಕ್ಕೆ ಬಂದ ಕೆನಡಾದ ಲೆಸ್ಲಿ ಕೋಲ್ಮನ್ ಈ ರೋಗವನ್ನ ಅಭ್ಯಾಸ ಮಾಡಿ 1910ರಲ್ಲಿ ಬರೆದರು, ಫ್ರಾನ್ಸಿನ ದ್ರಾಕ್ಷಿ ತೋಟಗಳ ಮೈಲುತುತ್ತು-ಸುಣ್ಣದ ಬೋರ್ಡೋ ದ್ರಾವಣ ನಮ್ಮ ಅಡಿಕೆಗೆ ಬಂತು. ಅದರಿಂದ ಮಲೆನಾಡು ಉಳಿಯಿತು ಅಂದರೂ ತಪ್ಪಿಲ್ಲ. ಆದರೆ ಕೊಟ್ಟೆ ಕಟ್ಟಲೂ ಹತ್ತಬೇಕು, ಮದ್ದು ಹೊಡೆಯಲೂ ಹತ್ತಬೇಕು, ಅದೂ ಮರ ಅತಿ ಜಾರುವ ಕಾಲದಲ್ಲೇ. ಮೂರು ತಲೆಮಾರು ಹಾಗೇ ನಡೀತು.

ಈಗ ಪೈಪನ್ನ ದೋಟಿಗೆ ಕಟ್ಟಿ ಕೆಳಗಿನಿಂದಲೇ ಹೊಡೀತೀವಿ. ಕೊನೆ ಚೆನ್ನಾಗಿ ನೆನೆಯುತ್ತೆ, ಕಳೆದ ವರ್ಷ ನಮ್ಮಲ್ಲಿ ಕೊಳೆ ಬಹಳ ಕಮ್ಮಿ. ತೊಂದರೆ ಏನಂದ್ರೆ, ಮರದ ಮೇಲೆ ಇರುವವನಿಗೆ ಮದ್ದು ಪಕ್ಕಕ್ಕೆ ಹೋಗುತ್ತೆ. ಕೆಳಗಿರುವವನು ಮುಖ ಮೇಲೆ ಮಾಡಿ ನಿಂತಿರ್ತಾನೆ, ಹೊಡೆದದ್ದರಲ್ಲಿ ಒಂದು ಪಾಲು ಅವನ ಮುಖಕ್ಕೇ ಇಳಿಯುತ್ತೆ. ಮೊದಲ ದಿನ ಮಧ್ಯಾಹ್ನ ಅಣ್ಣನ ಮಗ ಊಟಕ್ಕೆ ಬಂದಾಗ ಕಣ್ಣು ಕೆಂಡ ಆಗಿತ್ತು, ರೆಪ್ಪೆ ಮೇಲೆ ಸುಣ್ಣ ಒಣಗಿ ಬೆಳ್ಳಗೆ ಕೂತಿತ್ತು. "ಏನಾಗಲ್ಲ ಅಕ್ಕಾ, ತೊಳೆದ್ರೆ ಹೋಗುತ್ತೆ" ಅಂದ. ಅವತ್ತು ಕೆಲಸ ನಿಲ್ಲಿಸಿದೆ.

ಕಣ್ಣಷ್ಟೇ ಅಲ್ಲ. ಪೋರ್ಚುಗಲ್‌ನ ವೈದ್ಯರು 1969ರಲ್ಲಿ ಬರೆದ ಒಂದು ಕಾಯಿಲೆ ಇದೆ, ದ್ರಾಕ್ಷಿ ತೋಟದಲ್ಲಿ ವರ್ಷಗಟ್ಟಲೆ ಇದೇ ಬೋರ್ಡೋ ಹೊಡೆದವರ ಶ್ವಾಸಕೋಶದಲ್ಲಿ ಗಂಟು ಗಂಟಾಗಿ, ಅದರೊಳಗೆ ತಾಮ್ರ ಸಿಕ್ಕಿತ್ತು. ಇದೇ ಮದ್ದನ್ನ ಗಿನಿಪಿಗ್‌ಗಳಿಗೆ ಉಸಿರಾಡಿಸಿ ನೋಡಿದಾಗ ಅವಕ್ಕೂ ಹಾಗೇ ಆಯ್ತು. ಸಾವಯವದವರೂ ಬಳಸುವ ಮದ್ದು, ಏನೂ ಆಗಲ್ಲ ಅಂತ ನಾನೂ ನಂಬಿದ್ದೆ. ನಮ್ಮ ಕೊನೆಗಾರರು ಒಂದೇ ತೋಟಕ್ಕೆ ಹೊಡೆಯೋದಲ್ಲ, ಜೂನ್‌ನಿಂದ ಸೆಪ್ಟೆಂಬರ್‌ವರೆಗೆ ಊರೂರು ಸುತ್ತಿ ಹೊಡೀತಾರೆ. ನಮ್ಮ ಎರಡೂವರೆ ಎಕರೆ ಅವರ ಲೆಕ್ಕದಲ್ಲಿ ಎರಡು ದಿನ, ಅಷ್ಟೇ.

ಹಾಗಾಗಿ ದೋಟಿಯ ಬೆಲೆಗೆ ಇದನ್ನೂ ಸೇರಿಸಿ ಲೆಕ್ಕ ಹಾಕಿ: ಪಕ್ಕದಲ್ಲೂ ಮುಚ್ಚುವ ಕನ್ನಡಕ, ಫಿಲ್ಟರ್ ಇರುವ ಮಾಸ್ಕ್, ಅಗಲ ಅಂಚಿನ ಟೋಪಿ, ಕೈಗವಸು. ಎಲ್ಲ ಸೇರಿ ಒಬ್ಬರಿಗೆ ಎರಡು ಸಾವಿರದೊಳಗೆ ನನಗೆ ಶಿವಮೊಗ್ಗದಲ್ಲೇ ಸಿಕ್ಕಿತು. ದೋಟಿ ಮಾರಿದ ಅಂಗಡಿಯವರು ಕನ್ನಡಕದ ಮಾತೇ ಎತ್ತಲಿಲ್ಲ, ಕತ್ತಿ ಮಾತ್ರ ಎರಡು ಥರ ತೋರಿಸಿದರು. ಕನ್ನಡಕಕ್ಕೆ ಮಳೆಗಾಲದಲ್ಲಿ ಮಂಜು ಕಟ್ಟುತ್ತೆ, ಇದು ನಿಜವಾದ ಕಷ್ಟ. ಗಾಳಿ ಕಿಂಡಿ ಇರುವುದನ್ನ ನೋಡಿ ತಗೊಳ್ಳಿ, ಪ್ರತಿಯೊಬ್ಬರಿಗೂ ಎರಡೆರಡು ಇಡಿ, ಒಂದನ್ನ ಒರೆಸಿ ಒಣಗಿಸುವಾಗ ಇನ್ನೊಂದು ಹಾಕಿಕೊಳ್ಳಬಹುದು. ಬಟ್ಟೆ ಕಟ್ಟಿಕೊಂಡರೆ ಸಾಕು ಅನ್ನೋರಿಗೆ, ಒದ್ದೆ ಬಟ್ಟೆ ಮದ್ದನ್ನ ಹೀರಿ ಬಾಯಿಗೇ ಅಂಟಿಕೊಂಡಿರುತ್ತೆ, ಅದು ಬೇಡ.

ಮದ್ದು ಕಲಸುವಾಗಲೂ ಜಾಗ್ರತೆ ಬೇಕು. ನೂರು ಲೀಟರಿಗೆ ಒಂದು ಕೆಜಿ ಮೈಲುತುತ್ತು, ಒಂದು ಕೆಜಿ ಸುಣ್ಣ. ಕಲಸಿದ ಮೇಲೆ ಅಣ್ಣ ಈಗಲೂ ಬಂದು ತಮ್ಮ ಕತ್ತಿ ಅದ್ದಿ ನೋಡ್ತಾರೆ. ಕಬ್ಬಿಣದ ಮೇಲೆ ತಾಮ್ರದ ಬಣ್ಣ ಕೂತರೆ ಸುಣ್ಣ ಸಾಲದು ಅಂತ ಅರ್ಥ, ಇನ್ನೂ ಹಾಕಬೇಕು. ಇದು ಎಲೆ ಸುಡಬಾರದು ಅಂತ ಮಾಡುವ ಪರೀಕ್ಷೆ, ಆದರೆ ಸುಣ್ಣ ಕಮ್ಮಿಯಾದ ಮದ್ದು ಕಣ್ಣನ್ನೂ ಚರ್ಮವನ್ನೂ ಜಾಸ್ತಿ ಸುಡುತ್ತೆ.

ಕುತ್ತಿಗೆ. ದಿನವಿಡೀ ತಲೆ ಎತ್ತಿ ಆರು ಕೆಜಿ ಕೋಲು ಹಿಡಿದರೆ ರಾತ್ರಿ ಮಲಗಲು ಆಗಲ್ಲ. ರಾಮಝೀನಿ ಕಸುಬಿನ ಕಾಯಿಲೆಗೆ ಎರಡು ಮೂಲ ಹೇಳಿದ್ದ, ಒಂದು ಕೈಯಲ್ಲಿ ಹಿಡಿಯುವ ವಸ್ತುವಿನ ಕೆಟ್ಟ ಗುಣ, ಇನ್ನೊಂದು ಮೈಯನ್ನ ವಕ್ರವಾಗಿ ಇಟ್ಟು ಮಾಡುವ ಕೆಲಸ. ದೋಟಿಯಲ್ಲಿ ಮದ್ದು ಹೊಡೆಯುವವನಿಗೆ ಎರಡೂ ಒಟ್ಟಿಗೇ ಬರುತ್ತೆ. ನಾವು ಈಗ ಇಬ್ಬರನ್ನ ಇಟ್ಟು ಅರ್ಧ ಗಂಟೆಗೆ ಕೈ ಬದಲಾಯಿಸ್ತೀವಿ. ಆಳು ಉಳಿಯುವ ಲೆಕ್ಕ ಕೇಳಿದವರಿಗೆ ಉತ್ತರ ಇದೇ, ನಮಗೆ ಒಬ್ಬ ಆಳೂ ಉಳಿದಿಲ್ಲ. ದಿನಕ್ಕೆ ಆಗುವ ಮರವೂ ಒಳ್ಳೆ ಕೊನೆಗಾರ ಮಾಡುವಷ್ಟೇ.

ಕೊನೆಗೆ ಇಟ್ಟುಕೊಂಡ ವಿಷಯ, ಇದನ್ನ ದಯವಿಟ್ಟು ಎರಡು ಸಲ ಓದಿ. ಕಾರ್ಬನ್ ಫೈಬರ್‌ನಲ್ಲಿ ಕರೆಂಟ್ ಹರಿಯುತ್ತೆ. ಪ್ಲಾಸ್ಟಿಕ್ ಥರ ಕಾಣುತ್ತೆ, ಕೈಗೆ ಬೆಚ್ಚಗಿರುತ್ತೆ, ಅದಕ್ಕೇ ಜನ ಮೋಸ ಹೋಗ್ತಾರೆ. ಅಲ್ಯೂಮಿನಿಯಂ ದೋಟಿ ಎಷ್ಟು ಅಪಾಯವೋ ಇದೂ ಅಷ್ಟೇ. ಹಿಡಿಯುವ ಜಾಗದ ರಬ್ಬರನ್ನ ನಂಬಬೇಡಿ, ಮಳೆಯಲ್ಲಿ ಎಲ್ಲ ಒದ್ದೆ. ತೋಟದ ಮೇಲೆ 11 ಕೆವಿ (11,000 ವೋಲ್ಟ್) ಲೈನ್ ಹೋಗಿದ್ದರೆ ತಂತಿ ತಾಗುವುದೇ ಬೇಡ, ಹತ್ತಿರ ಹೋದರೂ ಸಾಕು. 60 ಅಡಿ ದೋಟಿ ಕೈ ತಪ್ಪಿ ವಾಲಿದರೆ 60 ಅಡಿ ದೂರದ ತಂತಿಗೂ ಬೀಳುತ್ತೆ. ನಾನು ಲೈನಿನಿಂದ ಎರಡೂ ಕಡೆ 70 ಅಡಿ ಅಳೆದು, ಅಷ್ಟರೊಳಗಿನ ಮರಗಳಿಗೆಲ್ಲ ಕೆಂಪು ಪೇಂಟ್ ಬಳಿಸಿದ್ದೇನೆ, ಒಟ್ಟು 118 ಮರ. ಅವನ್ನ ಎಲ್ಲಕ್ಕಿಂತ ಕೊನೆಗೆ, ಒಂದೇ ದಿನ, ಕರೆಂಟ್ ಕಂಪನಿ ಮೆಸ್ಕಾಂಗೆ ಮೊದಲೇ ಹೇಳಿ ಲೈನ್ ಆಫ್ ಮಾಡಿಸಿ, ಆಫ್ ಆಗಿದೆ ಅಂತ ಫೋನಿನಲ್ಲಿ ಖಾತ್ರಿ ಮಾಡಿಕೊಂಡ ಮೇಲೆ ಮಾತ್ರ ಮುಟ್ಟೋದು. ಮನೆಯ ಕರೆಂಟ್ ಹೋಗಿದೆ ಅಂತ ಆ ಲೈನೂ ಆಫ್ ಅಂದುಕೊಳ್ಳಬೇಡಿ.

ಕಾರ್ಖಾನೆಯಾದರೆ ಇದನ್ನೆಲ್ಲ ನೋಡಲು ಕಾಯ್ದೆ ಇದೆ, ಇನ್‌ಸ್ಪೆಕ್ಟರ್ ಇದ್ದಾರೆ, ಭದ್ರಾವತಿಯಲ್ಲಿ ಕೆಲಸ ಮಾಡಿದ ನಮ್ಮ ಮಾವ ಹೆಲ್ಮೆಟ್ ಇಲ್ಲದೆ ಒಳಗೆ ಕಾಲಿಡ್ತಿರಲಿಲ್ಲ. ತೋಟಕ್ಕೆ ಯಾರೂ ಬರಲ್ಲ. ಇಲ್ಲಿ ನೋಡಬೇಕಾದವರು ನಾವೇ.

ತಗೊಳ್ಳಬೇಕಾ ಅಂತ ಕೇಳಿದರೆ, ತಗೊಳ್ಳಿ. ಕೊಳವೆಗಳನ್ನ ಬಿಗಿಯುವ ಲಾಕ್‌ಗಳು ಎರಡನೇ ವರ್ಷ ಸಡಿಲ ಆಗುತ್ತೆ, ಬಿಡಿಭಾಗ ಸಿಗುವ ಅಂಗಡಿಯಲ್ಲೇ ತಗೊಳ್ಳಿ, ನನಗೆ ಒಂದು ಲಾಕ್‌ಗೆ ಮೂರು ವಾರ ಕಾಯಬೇಕಾಯ್ತು. ನಿಮ್ಮ ಮರ 40 ಅಡಿ ಒಳಗಿದ್ದರೆ ಉದ್ದದ್ದು ಬೇಡ. ಐದಕ್ಕೆ ನಾಲ್ಕು ಅಂಕ ಕೊಡ್ತೀನಿ, ಒಂದು ಅಂಕ ಕಳೆದದ್ದು ಕರೆಂಟಿನ ಎಚ್ಚರಿಕೆಯನ್ನ ದೋಟಿ ಮೇಲೆ ಕನ್ನಡದಲ್ಲಿ ಎಲ್ಲೂ ಬರೆಯದೇ ಇದ್ದದ್ದಕ್ಕೆ. ಅದನ್ನ ನಾನೇ ಬಿಳಿ ಪೇಂಟಿನಲ್ಲಿ ಬರೆದೆ.

ನಾಡಿದ್ದು ಈ ವರ್ಷದ ಮೊದಲ ಮದ್ದು. ಅಣ್ಣ ಕೋಲು ಊರಿಕೊಂಡು ಬಂದು ಕಟ್ಟೆ ಮೇಲೆ ಕೂತು, ಮಗನಿಗೆ ಯಾವ ಮರ ಆಯ್ತು ಯಾವುದು ಬಿಡ್ತು ಅಂತ ಕೂಗಿ ಹೇಳ್ತಿರ್ತಾರೆ. "ಅಮ್ಮಾ, ಕನ್ನಡಕ ತೆಗೆದಿಡ್ರಿ" ಅಂತ ನಿನ್ನೆಯೇ ಫೋನ್ ಮಾಡಿದ್ದರು.