ಹಳೇ ಗೇಮ್ ಓಡಿಸಲು ಡಿಎಲ್‌ಎಲ್ ಫೈಲ್ ಹುಡುಕುತ್ತಿದ್ದೀರಾ? ಸ್ವಲ್ಪ ತಡೆಯಿರಿ

ನಾನೂ ನನ್ನ ತಮ್ಮನೂ ವರ್ಷಗಟ್ಟಲೆ ಆಡಿದ ಫುಟ್‌ಬಾಲ್ ಗೇಮಿನ ಡಿಸ್ಕ್ ಹೋದ ತಿಂಗಳು ಕಪಾಟಿನಲ್ಲಿ ಸಿಕ್ಕಿತು. 2006ರ ಕಾಲದ್ದು. ಕೆಳಗಿನ ಲೀಗ್‌ನಿಂದ ಮೇಲಕ್ಕೆ ತಂದ ನಮ್ಮ ತಂಡದ ಸೇವ್ ಫೈಲ್ ಕಂಪ್ಯೂಟರ್‌ನಲ್ಲಿ ಇನ್ನೂ ಇತ್ತು, ಹನ್ನೊಂದು ಸೀಸನ್. ವಿಂಡೋಸ್ 10ರಲ್ಲಿ ಇನ್‌ಸ್ಟಾಲ್ ತಕರಾರಿಲ್ಲದೆ ಮುಗಿಯಿತು. ಐಕಾನ್ ಒತ್ತಿದರೆ ಮಾತ್ರ, ಡಿ3ಡಿಎಕ್ಸ್9 ಅಂತ ಶುರುವಾಗುವ ಒಂದು ಡಿಎಲ್‌ಎಲ್ ಫೈಲ್ (ಪ್ರೋಗ್ರಾಮ್‌ಗಳು ಓಡಲು ಬಳಸಿಕೊಳ್ಳುವ ಸಹಾಯಕ ಫೈಲ್) ಇಲ್ಲ ಎಂಬ ಎರರ್.

ಅದು ದೊಡ್ಡ ಸಮಸ್ಯೆಯೇ ಆಗಿರಲಿಲ್ಲ. ಕೆಡಿಸಿದ್ದು ನಾನು. ಫೈಲಿನ ಹೆಸರು ಸರ್ಚ್ ಮಾಡಿ, ಬಿಡಿ ಡಿಎಲ್‌ಎಲ್‌ಗಳನ್ನು ಕೊಡುವ ಒಂದು ಸೈಟ್‌ನಿಂದ ಇಳಿಸಿಕೊಂಡು ಸಿಸ್ಟಮ್32 ಫೋಲ್ಡರಿಗೆ ಹಾಕಿದೆ. ಮತ್ತೆ ಅದೇ ಎರರ್. ಗೇಮಿನ ಫೋಲ್ಡರಿಗೇ ಹಾಕಿದೆ. ಈಗ 0ಎಕ್ಸ್‌ಸಿ000007ಬಿ ಅಂತ ಬಂತು. 32 ಬಿಟ್ (ಹಳೇ ಬಗೆಯ) ಗೇಮಿಗೆ 64 ಬಿಟ್ (ಹೊಸ ಬಗೆಯ) ಫೈಲ್ ಎದುರಾದಾಗ ಬರುವ ಎರರ್ ಅದು, ಆಗ ನನಗೆ ಗೊತ್ತಿರಲಿಲ್ಲ. 64 ಬಿಟ್ ವಿಂಡೋಸ್‌ನಲ್ಲಿ ಸಿಸ್ಟಮ್32 ಒಳಗಿರುವುದು 64 ಬಿಟ್ ಫೈಲ್‌ಗಳು, 32 ಬಿಟ್‌ನವು ಇರುವುದು ಸಿಸ್‌ವಾವ್64 ಫೋಲ್ಡರ್‌ನಲ್ಲಿ. ಹೆಸರು ನೋಡಿದರೆ ಯಾರಿಗಾದರೂ ತಪ್ಪುತ್ತದೆ.

ಅದೇ ಸೈಟ್‌ನಲ್ಲಿ ಎಲ್ಲ ಎರರ್‌ಗಳನ್ನೂ ಒಂದೇ ಸಲ ಸರಿಮಾಡುತ್ತೇನೆ ಎನ್ನುವ ಸಣ್ಣ ಪ್ರೋಗ್ರಾಮ್ ಇತ್ತು. ಆಂಟಿವೈರಸ್ ತಡೆದರೆ ಆಫ್ ಮಾಡಿ ಎಂದೂ ಬರೆದಿತ್ತು. ಮಾಡಿದೆ. ಅಡ್ಮಿನಿಸ್ಟ್ರೇಟರ್ ಅನುಮತಿ ಕೇಳಿತು, ಅದನ್ನೂ ಕೊಟ್ಟೆ. ಒಂದು ಕಪ್ಪು ವಿಂಡೋ ರೆಪ್ಪೆ ಬಡಿಯುವಷ್ಟರಲ್ಲಿ ಬಂದು ಮಾಯವಾಯಿತು. ಮಾರನೇ ಬೆಳಿಗ್ಗೆ ನನ್ನ ಇಮೇಲ್‌ಗೆ ಯಾವುದೋ ಗೊತ್ತಿಲ್ಲದ ಕಂಪ್ಯೂಟರ್‌ನಿಂದ ಲಾಗಿನ್ ಆಗಿತ್ತು. ಬ್ರೌಸರ್‌ನಲ್ಲಿ ಉಳಿಸಿಟ್ಟಿದ್ದ ಪಾಸ್‌ವರ್ಡ್‌ಗಳೆಲ್ಲ ಹೋದವು ಅಂದುಕೊಂಡೇ ಬೇರೆ ಕಂಪ್ಯೂಟರ್‌ನಲ್ಲಿ ಕೂತು ಒಂದೊಂದಾಗಿ ಬದಲಿಸಿದೆ, ಆಮೇಲೆ ನನ್ನದನ್ನು ಫಾರ್ಮ್ಯಾಟ್ ಮಾಡಿದೆ. ದಯವಿಟ್ಟು, ಗೇಮ್ ಎಷ್ಟೇ ಪ್ರೀತಿಯದಾಗಿದ್ದರೂ ಆಂಟಿವೈರಸ್ ಆಫ್ ಮಾಡು ಎನ್ನುವ ಫೈಲನ್ನು ಮುಟ್ಟಬೇಡಿ.

ನಿಜವಾದ ಪರಿಹಾರಕ್ಕೆ ಹಿಡಿದದ್ದು ಹತ್ತು ನಿಮಿಷ. ಹೊಸ ವಿಂಡೋಸ್‌ನಲ್ಲಿ ಡೈರೆಕ್ಟ್‌ಎಕ್ಸ್ 12 (ಗೇಮ್‌ಗಳ ಚಿತ್ರ, ಧ್ವನಿ ನೋಡಿಕೊಳ್ಳುವ ವಿಂಡೋಸ್ ಭಾಗ) ಇದ್ದರೂ ಹಳೇ ಗೇಮ್‌ಗಳು ಕೇಳುವ ಡಿ3ಡಿಎಕ್ಸ್9 ಫೈಲ್‌ಗಳು ಅದರ ಜೊತೆ ಬರುವುದಿಲ್ಲ. ಹೆಸರಿನ ಕೊನೆಯಲ್ಲಿ 24ರಿಂದ 43ರವರೆಗಿನ ಸಂಖ್ಯೆ ಇರುವ ಆ ಫೈಲ್‌ಗಳೆಲ್ಲ ಮೈಕ್ರೋಸಾಫ್ಟ್‌ನ ಜೂನ್ 2010ರ ಡೈರೆಕ್ಟ್‌ಎಕ್ಸ್ ರನ್‌ಟೈಮ್ ಪ್ಯಾಕೇಜಿನಲ್ಲಿವೆ. ಮೈಕ್ರೋಸಾಫ್ಟ್‌ನ ಸ್ವಂತ ಸೈಟ್‌ನಿಂದಲೇ ಇಳಿಸಿಕೊಳ್ಳಿ. ಒಂದು ವಿಷಯ ಗಮನಿಸಿ: ಇಳಿಸಿದ್ದನ್ನು ಓಪನ್ ಮಾಡಿದರೆ ಅದು ನೀವು ತೋರಿಸಿದ ಫೋಲ್ಡರಿಗೆ ಫೈಲ್‌ಗಳನ್ನು ಬಿಚ್ಚಿಟ್ಟು ಸುಮ್ಮನಾಗುತ್ತದೆ. ಅಲ್ಲಿಗೇ ಮುಗಿಯಿತು ಅಂದುಕೊಳ್ಳಬೇಡಿ. ಆ ಫೋಲ್ಡರ್‌ನೊಳಗಿನ ಡಿಎಕ್ಸ್‌ಸೆಟಪ್ ಅನ್ನು ನೀವೇ ಓಡಿಸಬೇಕು.

ನಿಮ್ಮ ಡಿಸ್ಕ್‌ನಲ್ಲಿ ಸೇಫ್‌ಡಿಸ್ಕ್ ಎಂಬ ನಕಲು ತಡೆ ಇದ್ದರೆ ಮಾತ್ರ ಇದರಿಂದಲೂ ಉಪಯೋಗವಿಲ್ಲ. ಅದಕ್ಕೆ ಬೇಕಾದ ಡ್ರೈವರ್ ಅನ್ನು ವಿಂಡೋಸ್ 10 ಓಡಿಸುವುದಿಲ್ಲ. ವಿಂಡೋಸ್ 7 ಮತ್ತು 8ರಲ್ಲೂ ಸೆಪ್ಟೆಂಬರ್ 2015ರ ಅಪ್‌ಡೇಟ್ ಅದನ್ನು ನಿಲ್ಲಿಸಿತು, ಭದ್ರತೆಯ ಕಾರಣಕ್ಕೇ. ಯಾವ ಡಿಎಲ್‌ಎಲ್ ತಂದರೂ ಅದು ಬದಲಾಗದು.

ನನ್ನ ಗೇಮ್ ಈಗ ಓಡುತ್ತಿದೆ. ಆದರೆ ಫಾರ್ಮ್ಯಾಟ್ ಮಾಡುವ ಗಡಿಬಿಡಿಯಲ್ಲಿ ಡಾಕ್ಯುಮೆಂಟ್ಸ್ ಫೋಲ್ಡರ್‌ನಲ್ಲಿದ್ದ ಸೇವ್ ಫೈಲ್ ಮರೆತೇಹೋಯಿತು, ಆ ಹನ್ನೊಂದು ಸೀಸನ್ ಈಗ ಇಲ್ಲ. ನಿಮ್ಮದಿದ್ದರೆ ಇನ್‌ಸ್ಟಾಲ್‌ಗೆ ಕೈಹಾಕುವ ಮೊದಲೇ ಪೆನ್‌ಡ್ರೈವ್‌ಗೆ ಹಾಕಿ, ಕಂಪ್ಯೂಟರ್‌ನಿಂದ ತೆಗೆದು ಬೇರೆಡೆ ಇಡಿ.