ವಾರ್ಜೆಯ ಸಂಜೆ ಕ್ಲಾಸು: ಐದು ತಿಂಗಳು ನೋಡಿ ಬರೆದದ್ದು

ಮೊದಲೇ ಹೇಳಿಬಿಡುತ್ತೇನೆ. ಪುಣೆಯ ವಾರ್ಜೆ ಕಡೆ ಕಟ್ಟಡದ ಕೆಲಸಕ್ಕೆ ಬಂದ ನಮ್ಮವರು ಯಾರೇ ಇರಲಿ, ಮಗು ಶಾಲೆ ಬಿಟ್ಟು ಶೆಡ್ಡಿನಲ್ಲಿ ಕೂತಿದ್ದರೆ ಈ ಕ್ಲಾಸಿಗೆ ಕರೆದುಕೊಂಡು ಹೋಗಿ. ನಾನು ಐದಕ್ಕೆ ನಾಲ್ಕು ಅಂಕ ಕೊಡುತ್ತೇನೆ. ಒಂದು ಅಂಕ ಯಾಕೆ ಹಿಡಿದಿಟ್ಟುಕೊಂಡೆ ಅನ್ನೋದನ್ನೂ ಬರೆಯುತ್ತೇನೆ.

ನಾನು ಇಲ್ಲಿ ಹೊಲಿಗೆ ಅಂಗಡಿ ಇಟ್ಟು ಹದಿನಾಲ್ಕು ವರ್ಷ ಆಯಿತು. ಬ್ಲೌಸು, ಫಾಲ್-ಪಿಕೊ, ಜೂನ್ ಬಂತೆಂದರೆ ಶಾಲೆ ಯೂನಿಫಾರ್ಮು. ನನ್ನ ತಮ್ಮ ಯಾದಗಿರಿ ಕಡೆ ಹಳ್ಳಿಯಲ್ಲಿದ್ದ. ಎರಡೆಕರೆ ಹೊಲ, ಮಳೆ ನಂಬಿದ ಬೆಳೆ. ಹೋದ ದಸರೆ ಮುಗಿದ ಮೇಲೆ ಹೆಂಡತಿ, ಮಗಳನ್ನು ಕರೆದುಕೊಂಡು ಉದ್ಯಾನ್ ಎಕ್ಸ್‌ಪ್ರೆಸ್ ಹತ್ತಿ ಬಂದ. ಅವನು ಗೌಂಡಿ, ಅವಳು ಸಿಮೆಂಟು ಹೊರುತ್ತಾಳೆ. ಸೈಟಿನಲ್ಲೇ ತಗಡಿನ ಶೆಡ್ಡು. ಮಗಳಿಗೆ ಒಂಬತ್ತು ವರ್ಷ. ಊರಿನ ಸರ್ಕಾರಿ ಶಾಲೆಯಲ್ಲಿ ಮೂರನೇ ಕ್ಲಾಸು ಮುಗಿಸಿ ನಾಲ್ಕಕ್ಕೆ ಕಾಲಿಟ್ಟಿದ್ದಳು.

ಹತ್ತಿರದ ಒಂದು ಶಾಲೆಗೆ ತಮ್ಮನ ಜತೆ ನಾನೇ ಹೋದೆ. ಟಿಸಿ ಎಲ್ಲಿ ಅಂದರು. ಊರಿನಿಂದ ತಂದಿರಲಿಲ್ಲ. ಆಧಾರಿನಲ್ಲಿ ಹುಟ್ಟಿದ ತಾರೀಖು ಬೇರೆ, ಅಂಗನವಾಡಿ ಕಾರ್ಡಿನಲ್ಲಿ ಬೇರೆ. ಜೂನ್‌ನಲ್ಲಿ ಬನ್ನಿ ಅಂದರು. ನಾವು ಮತ್ತೆ ಮತ್ತೆ ಕೇಳಿದ್ದಕ್ಕೆ, ಮರಾಠಿ ಬರಲ್ಲವಲ್ಲ, ಬೇಕಾದರೆ ಒಂದನೇ ಕ್ಲಾಸಿನಲ್ಲಿ ಕೂರಿಸಿ ಅಂದರು. ಒಂಬತ್ತು ವರ್ಷದ ಹುಡುಗಿ ಆರು ವರ್ಷದ ಮಕ್ಕಳ ಜತೆ ಅ ಆ ಬರೆಯಬೇಕು! ಅವತ್ತು ವಾಪಸು ಬರುವಾಗ ತಮ್ಮ ಒಂದು ಮಾತೂ ಆಡಲಿಲ್ಲ. ಮಗಳು ಮಾತ್ರ "ಅತ್ತಿ, ನಾ ಫೇಲ್ ಆದೆನೇನು?" ಅಂತ ಕೇಳಿದಳು.

ಈ ಸಂಜೆ ಕ್ಲಾಸಿನ ವಿಷಯ ಗೊತ್ತಾಗಿದ್ದು ನನ್ನ ಅಂಗಡಿಗೆ ಬರುವ ಒಬ್ಬ ಗಿರಾಕಿಯಿಂದ. ತರಕಾರಿ ಮಂಡಿಯ ಹಿಂದೆ, ಗಣಪತಿ ಮಂಡಳದ ಖೋಲಿಯಲ್ಲಿ ನಡೆಯುತ್ತದೆ. ಸಂಜೆ ಐದೂವರೆಯಿಂದ ಏಳೂವರೆ. ಮುನಿಸಿಪಾಲ್ಟಿ ಶಾಲೆಯಲ್ಲಿ ಪಾಠ ಮಾಡಿ ರಿಟೈರ್ ಆದ ಒಬ್ಬ ಮರಾಠಿ ಹೆಂಗಸು ನಡೆಸುತ್ತಾರೆ. ಶನಿವಾರ, ಭಾನುವಾರ ಬೀದರ್ ಕಡೆಯ ಒಬ್ಬ ಇಂಜಿನಿಯರಿಂಗ್ ಹುಡುಗ ಬಂದು ಸಹಾಯ ಮಾಡುತ್ತಾನೆ. ತಿಂಗಳಿಗೆ ಐವತ್ತು ರೂಪಾಯಿ. ಆಗದವರು ಕೊಡಬೇಕಿಲ್ಲ. ಯಾರು ಕೊಟ್ಟರು, ಯಾರು ಕೊಡಲಿಲ್ಲ ಅಂತ ಮಕ್ಕಳ ಮುಂದೆ ಯಾವತ್ತೂ ಮಾತು ಬರುವುದಿಲ್ಲ. ಇದನ್ನು ನಾನು ಗಮನಿಸಿ ನೋಡಿದ್ದೇನೆ.

ಮಕ್ಕಳು ಅವರನ್ನು 'ತಾಈ' ಅನ್ನುತ್ತಾರೆ. ಮರಾಠಿಯಲ್ಲಿ ಅಕ್ಕ ಅಂತ ಅರ್ಥ. ನಮ್ಮ ಹುಡುಗಿ ಮೊದಲ ದಿನ ಮನೆಗೆ ಬಂದು, "ಅತ್ತಿ, ಆಕಿ ಎಲ್ಲಾರಿಗೂ ತಾಯಿ ಏನು? ಬಿಹಾರದ ಹುಡುಗನೂ ತಾಯಿ ಅಂತಾನ" ಅಂದಳು. ಮಾರನೇ ದಿನ ನಾನು ಇದನ್ನು ತಾಈಗೆ ಹೇಳಿದೆ. ಅವರು ಚೀಲದಿಂದ ಒಂದು ಚಿಕ್ಕ ನೋಟುಬುಕ್ಕು ತೆಗೆದು ಆ ಪದ ಬರೆದುಕೊಂಡರು. ಆ ಬುಕ್ಕಿನ ತುಂಬ ಕನ್ನಡ, ಭೋಜಪುರಿ, ನೇಪಾಳಿ ಮಾತುಗಳಿದ್ದವು, ಎಲ್ಲವೂ ಮರಾಠಿ ಅಕ್ಷರದಲ್ಲಿ. 'ಊಟ ಆತೇನು', 'ತಿಳೀತಾ', 'ಅಂಜಬ್ಯಾಡ'. ಯಾರೋ ಹಿಂದೆ ಬಂದು ಹೋದ ನಮ್ಮ ಕಡೆಯ ಮಗುವಿನಿಂದ ಕಲಿತದ್ದು. ಆ ಪುಟ ನೋಡಿದಾಗ ನನಗೆ ಅರ್ಧ ಧೈರ್ಯ ಬಂತು.

ಅಕ್ಷರ ಕಲಿಸುವುದಕ್ಕೆ ಅವರು ಒಂದು ದೊಡ್ಡ ಹಾಳೆ ಮಾಡಿದ್ದಾರೆ. ಎಡಗಡೆ ಕನ್ನಡದ ಕ ಖ ಗ ಘ, ಬಲಗಡೆ ಮರಾಠಿಯದು. ಸಾಲು ಎರಡರಲ್ಲೂ ಒಂದೇ, ಅಲ್ವಾ? ಹುಡುಗಿಗೆ ವರ್ಣಮಾಲೆ ಗೊತ್ತೇ ಇತ್ತು, ಹೊಸ ರೂಪ ಮಾತ್ರ ಕಲಿಯಬೇಕಿತ್ತು. ಎ ಏ, ಒ ಓ ಅಂತ ನಮಗಿರುವ ಗಿಡ್ಡ, ಉದ್ದ ಸ್ವರಗಳ ಭೇದ ಅವರಲ್ಲಿ ಇಲ್ಲ. ಅಲ್ಲಿ ಮಾತ್ರ ಸ್ವಲ್ಪ ದಿನ ತೊಡಕಾಯಿತು. ಮೂರು ವಾರದಲ್ಲಿ ಅಂಗಡಿ ಬೋರ್ಡು ಓದಲು ಶುರು ಮಾಡಿದಳು. ಅದೇ ಮಗುವನ್ನು ಒಂದನೇ ಕ್ಲಾಸಿನಲ್ಲಿ ಒಂದು ವರ್ಷ ಕೂರಿಸುತ್ತಿದ್ದರು.

ಒಂದು ಸಂಜೆ ನಾನು ಬಾಗಿಲ ಹತ್ತಿರ ಕೂತು ನೋಡಿದ್ದನ್ನು ಬರೆಯಲೇಬೇಕು. ಪಾಠದಲ್ಲಿ 'ಶಾಳಾ' ಅನ್ನುವ ಪದ ಬಂತು. ಶಾಲೆಗೆ ಮರಾಠಿಯಲ್ಲಿ ಹಾಗೆ ಅನ್ನುತ್ತಾರೆ. ಬಿಹಾರದ ಹುಡುಗ 'ಶಾಲಾ' ಅಂದ. ನೇಪಾಳದ ವಾಚ್‌ಮನ್ ಮಗಳೂ 'ಶಾಲಾ' ಅಂದಳು. ನಮ್ಮ ಹುಡುಗಿಗೆ ಳ ಅನ್ನುವುದು ಹುಟ್ಟಿನಿಂದ ಬಾಯಲ್ಲಿರುವ ಅಕ್ಷರ. ಹಳ್ಳಿ, ಬೆಳೆ, ಮಳೆ ಅಂತ ಬೆಳೆದವಳು. ಅವಳು 'ಶಾಳಾ' ಅಂತ ಸರಿಯಾಗಿ ಅಂದಾಗ ತಾಈ ಪಾಠ ನಿಲ್ಲಿಸಿದರು. ಅವಳನ್ನು ಮುಂದೆ ಕರೆದು, ನಾಲಿಗೆ ಎಲ್ಲಿ ಮಡಚುತ್ತೀ, ಇವರಿಗೆ ತೋರಿಸು ಅಂದರು. ಅಲ್ಲಿವರೆಗೆ ಬಾಯೇ ಬಿಡದ ಹುಡುಗಿ ಬಾಯಿ ತೆರೆದು, ನಾಲಿಗೆ ಮೇಲೆತ್ತಿ ಹತ್ತು ಮಕ್ಕಳಿಗೆ ಳ ಕಲಿಸಿದಳು. ಅವತ್ತಿನಿಂದ ಅವಳು ಕೂರುವ ಜಾಗ ಹಿಂದಿನ ಸಾಲಿನಿಂದ ಮುಂದಕ್ಕೆ ಬಂತು.

ಲೆಕ್ಕದ ಕಥೆ ಇನ್ನೂ ದೊಡ್ಡದು. ಊರಲ್ಲಿ ಲೆಕ್ಕದಲ್ಲಿ ಚುರುಕು. ಇಲ್ಲಿ ಉಕ್ತಲೇಖನ ಕೊಟ್ಟರೆ ಎಲ್ಲ ತಪ್ಪು. 'ಪಂಚವೀಸ್' ಅಂದರೆ 52 ಬರೆದಿದ್ದಳು. 'ತ್ರೇಚಾಳೀಸ್' ಅಂದರೆ 34. ತಾಈ ಪಾಟಿಯನ್ನು ಒಂದು ನಿಮಿಷ ನೋಡಿದರು. ಆಮೇಲೆ ನನ್ನ ಕಡೆ ತಿರುಗಿ, ಇವಳ ಲೆಕ್ಕ ತಪ್ಪಿಲ್ಲ, ಕಿವಿ ಕನ್ನಡದ್ದು ಅಂದರು. ನಾವು ಇಪ್ಪತ್ತೈದು ಅಂತ ಇಪ್ಪತ್ತು ಮೊದಲು ಹೇಳುತ್ತೇವೆ, ಹಾಗೇ ಬರೆಯುತ್ತೇವೆ. ಮರಾಠಿಯಲ್ಲಿ ಐದು ಮೊದಲು, ವೀಸ್ ಆಮೇಲೆ. ಹುಡುಗಿ ಕೇಳಿದ ಸಾಲಿನಲ್ಲೇ ಬರೆದಿದ್ದಳು. ಹದಿನಾಲ್ಕು ವರ್ಷದಿಂದ ಅಳತೆ ಟೇಪು ಹಿಡಿದು ಮರಾಠಿಯಲ್ಲಿ ಸಂಖ್ಯೆ ಹೇಳುವ ನನಗೇ ಇದು ಹೊಳೆದಿರಲಿಲ್ಲ.

ತಾಈ ಕಡ್ಡಿಪೆಟ್ಟಿಗೆ ಕಡ್ಡಿಗಳನ್ನು ಹತ್ತತ್ತರ ಕಟ್ಟು ಮಾಡಿಸಿದರು. ಎರಡು ಕಟ್ಟು, ಐದು ಬಿಡಿ ಕಡ್ಡಿ. ನೀನು ಕನ್ನಡದಲ್ಲಿ ಹೇಳು ಅಂದರು. ಹೇಳಿದಳು. ಅದೇ ಕಡ್ಡಿ ತೋರಿಸಿ ತಾವು ಮರಾಠಿಯಲ್ಲಿ ಹೇಳಿದರು. ಹದಿನೈದು ದಿನ ಹೀಗೇ ನಡೆಯಿತು. 29ಕ್ಕೆ ಮರಾಠಿಯಲ್ಲಿ 'ಏಕೋಣತೀಸ್' ಅನ್ನುತ್ತಾರೆ, ಮೂವತ್ತಕ್ಕೆ ಒಂದು ಕಡಿಮೆ ಅಂತ. ಅದಕ್ಕೆ ಇನ್ನೂ ಒಂದು ವಾರ ಹಿಡಿಯಿತು. ತಾಈಯೇ ಹೇಳಿದ್ದು: 2019ರಲ್ಲಿ ಬಾಲಭಾರತಿಯವರು, ಅಂದರೆ ಮಹಾರಾಷ್ಟ್ರದ ಶಾಲಾ ಪಠ್ಯಪುಸ್ತಕ ಮಾಡುವ ಸಂಸ್ಥೆಯವರು, ಎರಡನೇ ಕ್ಲಾಸಿನ ಗಣಿತ ಪುಸ್ತಕದಲ್ಲಿ 'ವೀಸ್ ಪಾಂಚ್' ಅನ್ನುವ ಹಾಗೆ ಹತ್ತನ್ನು ಮೊದಲು ಹೇಳುವ ಪದ್ಧತಿಯನ್ನೂ ಸೇರಿಸಿದ್ದರು. ಮರಾಠಿ ಮಕ್ಕಳಿಗೂ ಹಳೆಯ ರೀತಿ ತೊಡಕು ಅನ್ನುವುದೇ ಕಾರಣ. ಅವರ ಗಣಿತದ ಸಮಿತಿಗೆ ಆಗ ಮಂಗಳಾ ನಾರಳೀಕರ್ ಮುಖ್ಯಸ್ಥರಾಗಿದ್ದರು. ಆಗ ಮಹಾರಾಷ್ಟ್ರದಲ್ಲಿ ದೊಡ್ಡ ಗಲಾಟೆಯೇ ಆಯಿತಂತೆ. ನಮ್ಮ ಮಕ್ಕಳು ಮೊದಲಿನಿಂದಲೂ ಹತ್ತನ್ನೇ ಮೊದಲು ಹೇಳುವವರು. ಕನ್ನಡದ ಮಗುವನ್ನು ಲೆಕ್ಕದಲ್ಲಿ ದಡ್ಡಿ ಅನ್ನುವ ಮೊದಲು ಯಾರಾದರೂ ಇಷ್ಟು ಯೋಚಿಸಿದರೆ ಎಷ್ಟು ಮಕ್ಕಳು ಉಳಿಯುತ್ತಾರೆ!

ಇನ್ನೊಂದು ವಿಷಯ. ನಮ್ಮಲ್ಲಿ ಒಂದರಿಂದ ಮೂರನೇ ಕ್ಲಾಸಿನವರೆಗೆ ನಲಿ-ಕಲಿ. ಕೆಳಗೆ ಗುಂಪಾಗಿ ಕೂತು ಕಾರ್ಡು ಹಿಡಿದು ಕಲಿಯುತ್ತಾರೆ. ಬೆಂಚಿನ ಮೇಲೆ ಕೂತು ಬೋರ್ಡು ನೋಡಿ ಇಳಿಸಿಕೊಳ್ಳುವ ರೂಢಿ ನಮ್ಮ ಹುಡುಗಿಗೆ ಇರಲಿಲ್ಲ. ಇಲ್ಲಿ ಚಾಪೆಯ ಮೇಲೆ ಗುಂಪು ಗುಂಪಾಗಿ ಕೂರಿಸುತ್ತಾರೆ. ವಯಸ್ಸು ನೋಡಿ ಅಲ್ಲ, ಯಾರಿಗೆ ಏನು ಬೇಕು ಅನ್ನೋದು ನೋಡಿ. ವಿಜಯಪುರದ ಲಂಬಾಣಿ ಹುಡುಗಿಗೂ ನಾಂದೇಡದ ಬಂಜಾರ ಹುಡುಗನಿಗೂ ಮನೆಮಾತು ಒಂದೇ. ಅವಳಿಗೆ ಕನ್ನಡ ಬರುತ್ತದೆ, ಅವನಿಗೆ ಮರಾಠಿ. ನಮ್ಮ ಹುಡುಗಿಗೆ ತಿಳಿಯದ ಮಾತು ಅವನಿಂದ ಅವಳಿಗೆ, ಅವಳಿಂದ ಇವಳಿಗೆ ದಾಟಿ ಬರುತ್ತದೆ.

ಆ ಇಬ್ಬರೂ ಮಕ್ಕಳ ಜಾತಿ ಒಂದೇ. ಆದರೆ ಕರ್ನಾಟಕದಲ್ಲಿ ಲಂಬಾಣಿ ಪರಿಶಿಷ್ಟ ಜಾತಿ, ಮಹಾರಾಷ್ಟ್ರದಲ್ಲಿ ವಿಮುಕ್ತ ಜಾತಿ ಪಟ್ಟಿಯಲ್ಲಿ. ಊರಿನ ಸರ್ಟಿಫಿಕೇಟು ಇಲ್ಲಿ ನಡೆಯುವುದಿಲ್ಲ. ಖಾಸಗಿ ಶಾಲೆಗಳಲ್ಲಿ ಬಡ ಮಕ್ಕಳಿಗೆ 25% ಸೀಟು ಇದೆ ಅಂತ ಎಲ್ಲರೂ ಹೇಳುತ್ತಾರೆ. ಅದು ಒಂದನೇ ಕ್ಲಾಸು ಅಥವಾ ಅದಕ್ಕಿಂತ ಕೆಳಗಿನ ಪ್ರವೇಶದ ತರಗತಿಗೆ ಮಾತ್ರ, ಲಾಟರಿ ಮೇಲೆ. ಬಾಡಿಗೆ ಇದ್ದರೆ ನೋಂದಾಯಿಸಿದ ಕರಾರುಪತ್ರ ಬೇಕು. ತಗಡಿನ ಶೆಡ್ಡಿಗೆ ಯಾರು ಕರಾರು ಬರೆದುಕೊಡುತ್ತಾರೆ? ಹಕ್ಕು ಇದೆ, ಅದರ ಬಾಗಿಲು ಮಾತ್ರ ನಮ್ಮವರಿಗೆ ಎಟುಕದಷ್ಟು ಎತ್ತರದಲ್ಲಿದೆ.

ಹಾಗಾಗಿ ತಾಈ ಹಿಡಿದ ದಾರಿ ಬೇರೆ. ಅವರ ಹತ್ತಿರ 2009ರ ಶಿಕ್ಷಣ ಹಕ್ಕು ಕಾಯಿದೆಯ ಝೆರಾಕ್ಸ್ ಇದೆ. ನಾಲ್ಕು ಕಡೆ ಕೆಂಪು ಪೆನ್ಸಿಲ್ಲಿನಿಂದ ಗೆರೆ ಎಳೆದಿದ್ದಾರೆ. ಡಿಸೆಂಬರಿನಲ್ಲಿ ಅದನ್ನು ಹಿಡಿದು ನಮ್ಮ ಜತೆ ಅದೇ ಶಾಲೆಗೆ ಬಂದರು. ಜಗಳ ಮಾಡಲಿಲ್ಲ. ಕೂತು ಓದಿ ಹೇಳಿದರು. 4ನೇ ಕಲಮು: ಮಗುವನ್ನು ವಯಸ್ಸಿಗೆ ತಕ್ಕ ತರಗತಿಗೇ ಸೇರಿಸಿಕೊಳ್ಳಬೇಕು, ಉಳಿದವರ ಸಮಕ್ಕೆ ಬರಲು ವಿಶೇಷ ತರಬೇತಿ ಪಡೆಯುವುದು ಅದರ ಹಕ್ಕು. 5ನೇ ಕಲಮು: ಮಗು ರಾಜ್ಯ ಬಿಟ್ಟು ಬಂದರೂ ಶಾಲೆ ಬದಲಿಸಬಹುದು, ಟಿಸಿ ತಡವಾಯಿತು ಅಂತ ಸೇರಿಸಿಕೊಳ್ಳದೆ ಇರುವ ಹಾಗಿಲ್ಲ. 14: ವಯಸ್ಸಿನ ದಾಖಲೆ ಇಲ್ಲ ಅಂತ ವಾಪಸು ಕಳಿಸುವ ಹಾಗಿಲ್ಲ. 15: ವರ್ಷದ ನಡುವೆ ಬಂದರೂ ಇಲ್ಲ ಅನ್ನುವ ಹಾಗಿಲ್ಲ. ಆಧಾರ್ ವಿಷಯಕ್ಕೆ, ಶಾಲೆಗೆ ಸೇರಲು ಅದು ಕಡ್ಡಾಯವಲ್ಲ ಅನ್ನುವ 2018ರ ಸುಪ್ರೀಂ ಕೋರ್ಟ್ ತೀರ್ಪು ಹೇಳಿದರು. ಮುಕ್ಕಾಲು ಗಂಟೆ ಆಯಿತು. ಹುಡುಗಿ ನಾಲ್ಕನೇ ಕ್ಲಾಸಿಗೆ ಸೇರಿದಳು. ಆವತ್ತೇ ನಾನು ಯೂನಿಫಾರ್ಮು ಕತ್ತರಿಸಲು ಕೂತೆ. ಗುಂಡಿ ಹಚ್ಚುವಾಗ ಅವಳು ಪಕ್ಕದಲ್ಲಿ ಕೂತು, "ಅತ್ತಿ, ಇಲ್ಲೂ ಇದಕ್ಕ ಗುಂಡೀನೇ ಅಂತಾರ" ಅಂದಳು. ತುಪ್ಪಕ್ಕೆ ತೂಪ್, ಕೀಲಿಗೆ ಕಿಲ್ಲಿ, ಗುಂಡಿಗೆ ಗುಂಡೀ. ಹೀಗೆ ಹತ್ತಿರದ ಪದಗಳ ಪಟ್ಟಿಯನ್ನೂ ತಾಈ ಬರೆಸಿದ್ದರು.

ಇನ್ನು ಕೊರತೆಗಳು. ಹೆಣ್ಣುಮಕ್ಕಳಿಗೆ ಶೌಚಾಲಯ ಹತ್ತಿರದಲ್ಲಿ ಇಲ್ಲ, ಮಂಡಿಯ ಸಾರ್ವಜನಿಕ ಶೌಚಾಲಯಕ್ಕೆ ಇಬ್ಬಿಬ್ಬರಾಗಿ ಹೋಗಬೇಕು. ಗಣಪತಿ ಹಬ್ಬದ ಹತ್ತು ದಿನ ಖೋಲಿ ಸಿಗುವುದಿಲ್ಲ, ಕ್ಲಾಸಿಗೆ ರಜೆಯಂತೆ. ಸೈಟು ಹೈವೇ ಆಚೆ ಇರುವವರಿಗೆ ಮಕ್ಕಳನ್ನು ಕಳಿಸುವುದು ಕಷ್ಟ. ಚಳಿಗಾಲದಲ್ಲಿ ಏಳೂವರೆ ಅಂದರೆ ಪೂರ್ತಿ ಕತ್ತಲು. ನಾನು ಅಂಗಡಿ ಬೇಗ ಮುಚ್ಚಿ ನಾಲ್ಕು ಮಕ್ಕಳನ್ನು ರಸ್ತೆ ದಾಟಿಸುತ್ತೇನೆ. ಉಳಿದವರದ್ದು ಯಾರು ನೋಡಬೇಕು? ಹದಿನೈದು, ಹದಿನಾರರ ಹುಡುಗರೂ ಕೆಲವರು ಬಂದು ಬಾಗಿಲಲ್ಲಿ ನಿಲ್ಲುತ್ತಾರೆ. ಕಾಯಿದೆ ಆರರಿಂದ ಹದಿನಾಲ್ಕು ವರ್ಷದವರಿಗೆ ಮಾತ್ರ. ಅವರಿಗೆ ಓದಲು ಬರೆಯಲು ಕಲಿಸಲು ಇಲ್ಲಿ ಜಾಗವೂ ಇಲ್ಲ, ಜನವೂ ಇಲ್ಲ. ಸೆಂಟ್ರಿಂಗ್ ಕೆಲಸದಿಂದ ನೇರ ಬಂದವರು, ಕೈಮೇಲೆ ಸಿಮೆಂಟು ಹಾಗೇ ಇರುತ್ತದೆ. ಅವರನ್ನು ವಾಪಸು ಕಳಿಸುವುದು ನೋಡಲು ನನಗೆ ಆಗುವುದಿಲ್ಲ.

ನಾನು ಹಿಡಿದಿಟ್ಟುಕೊಂಡ ಒಂದು ಅಂಕ ಮಾತ್ರ ಕನ್ನಡಕ್ಕೆ. ಮಾರ್ಚಿನಲ್ಲಿ ಯುಗಾದಿಗೆ ಅಂತ ಹುಡುಗಿ ಊರಿನ ಅಜ್ಜಿಗೆ ಪತ್ರ ಬರೆದಳು. 'ಬೆಳೆ' ಅಂತ ಬರೆಯುವ ಕಡೆ ಎ ಕಾರದ ಬದಲು ಮರಾಠಿಯ ಮಾತ್ರೆ ಹಾಕಿದ್ದಳು. ಒತ್ತಕ್ಷರ ಎರಡು ಕಡೆ ಬಿಟ್ಟಿದ್ದಳು. ಐದೇ ತಿಂಗಳಲ್ಲಿ! ತಮ್ಮ ಇಲ್ಲೇ ನೆಲೆ ನಿಲ್ಲುವವನಲ್ಲ. ಮಳೆ ಚೆನ್ನಾಗಿ ಬಿದ್ದರೆ ಹೊಲಕ್ಕೆ ಹೋಗುತ್ತಾನೆ, ಇಲ್ಲದಿದ್ದರೆ ಮತ್ತೆ ಬರುತ್ತಾನೆ. ಅವಳು ಎರಡೂ ಕಡೆ ಶಾಲೆಗೆ ಹೋಗಬೇಕಾದವಳು. ಅಲ್ಲಿಗೆ ಹೋದ ಮೇಲೆ ಕನ್ನಡ ಬರಲ್ಲ ಅಂತ ಕೆಳಗಿನ ಕ್ಲಾಸಿಗೆ ಹಾಕಿದರೆ? ನಾನು ಇದನ್ನು ತಾಈ ಮುಂದೆ ಹೇಳಿದೆ. ಅವರು ಬೇಜಾರು ಮಾಡಿಕೊಳ್ಳಲಿಲ್ಲ. ಭಾನುವಾರ ಒಂದು ಗಂಟೆ ಕನ್ನಡ ಓದಿಸಲು ಬೀದರ್ ಹುಡುಗನಿಗೆ ಹೇಳಿದರು. ಈಗ ಏಳು ಮಕ್ಕಳು ಕೂರುತ್ತಾರೆ. ಯಾವ ಪಾಠ ಮುಗಿಯಿತು ಅಂತ ಪ್ರತಿ ಮಗುವಿಗೂ ಒಂದು ಪುಸ್ತಕ ಮಾಡಿ ಬರೆದು ಕೊಡುತ್ತಾರೆ, ಊರಿನ ಮೇಷ್ಟ್ರಿಗೆ ತೋರಿಸಲಿ ಅಂತ. ಮುಂದಿನ ದಸರೆಗೆ ಈ ಭಾನುವಾರದ ಪಾಠ ಇನ್ನೂ ನಡೆಯುತ್ತಿದ್ದರೆ ಆ ಒಂದು ಅಂಕವನ್ನೂ ಕೊಡುತ್ತೇನೆ.

ಸೇರಿಸಲು ಯಾವ ಕಾಗದವೂ ಬೇಡ. ಶನಿವಾರ ಸಂಜೆ ಹೋದರೆ ಕನ್ನಡದಲ್ಲೇ ಮಾತಾಡಬಹುದು, ಬೀದರ್ ಹುಡುಗ ಇರುತ್ತಾನೆ. ಭಾನುವಾರದ ಪಾಠಕ್ಕೆ ಕರ್ನಾಟಕದ ಮೂರು, ನಾಲ್ಕನೇ ಕ್ಲಾಸಿನ ಕನ್ನಡ ಪುಸ್ತಕ ಎರಡೇ ಇವೆ. ಏಳು ಮಕ್ಕಳು ಹಂಚಿಕೊಂಡು ಓದುತ್ತಾರೆ. ಊರಿಂದ ಬರುವವರು ಮನೆಯಲ್ಲಿ ಹಳೇದು ಇದ್ದರೆ, ಹರಿದಿದ್ದರೂ ಪರವಾಗಿಲ್ಲ, ಚೀಲದಲ್ಲಿ ಹಾಕಿಕೊಂಡು ಬನ್ನಿ. ರಟ್ಟು ಹಾಕಿ ಹೊಲಿಯುವುದು ನನ್ನ ಕೆಲಸ.