18 ಅಡಿ ರ‍್ಯಾಂಪ್: ನಮ್ಮ ಬೀದಿಯ ವೆಲ್ಡಿಂಗ್ ಅಂಗಡಿಯ ಕೆಲಸ

ಅಮ್ಮ ವೀಲ್‌ಚೇರ್ ಹಿಡಿದು ಎರಡು ವರ್ಷ ಆಯ್ತು. ನಮ್ಮ ಬಾಗಿಲಿಗೆ ಮೂರು ಮೆಟ್ಟಿಲು, ಒಟ್ಟು 18 ಇಂಚು ಎತ್ತರ. ಮೊದಲು ಬಂದ ಕಂಟ್ರಾಕ್ಟರ್ ‘ಜಾಗ ಕಡಿಮೆ, 6 ಅಡಿ ಸಾಕು’ ಅಂದರು. ಅಷ್ಟು ಕಡಿದಾದ ರ‍್ಯಾಂಪಿನಲ್ಲಿ ಇಳಿಸುವಾಗ ನನ್ನ ಕೈ ಜಾರಿದರೆ ಏನು ಗತಿ? ಬೇಡ ಅಂದೆ.

ಈ ವೆಲ್ಡಿಂಗ್ ಅಂಗಡಿಯವರು ಮಾತಿಗಿಂತ ಮೊದಲು ಟೇಪ್ ಹಿಡಿದರು. 1 ಇಂಚು ಎತ್ತರಕ್ಕೆ 12 ಇಂಚು ಉದ್ದ. ಕೇಂದ್ರ ಸರ್ಕಾರದ 2021ರ ಮಾರ್ಗಸೂಚಿಯಲ್ಲೂ ಇದೇ ಲೆಕ್ಕ. ಅಂದರೆ ನಮಗೆ 18 ಅಡಿ ಬೇಕು. ಕಾಂಪೌಂಡಿನಲ್ಲಿ ನೇರವಾಗಿ ಹಿಡಿಸಲ್ಲ ಅಲ್ವಾ, ಅದಕ್ಕೆ ಎಲ್ ಆಕಾರದಲ್ಲಿ 9 ಅಡಿಯ ಎರಡು ತುಂಡು ಮಾಡಿ, ತಿರುವಿನಲ್ಲಿ 5 ಅಡಿ ಚೌಕದ ಸಮತಟ್ಟು ಜಾಗ ಬಿಟ್ಟರು. ಅಗಲ 4 ಅಡಿ. ಎರಡೂ ಕಡೆ ಪೈಪ್ ಕಂಬಿ.

ಒಂದು ತಪ್ಪಾಯಿತು. ಕೆಳಗೆ ನೆಲ ಸೇರುವಲ್ಲಿ ತಗಡಿನ ತುದಿ ಮುಕ್ಕಾಲು ಇಂಚು ಎದ್ದಿತ್ತು. ಮುಂದಿನ ಪುಟ್ಟ ಚಕ್ರ ಅಲ್ಲೇ ಸಿಕ್ಕಿಕೊಂಡು ಅಮ್ಮ ಮುಂದಕ್ಕೆ ವಾಲಿದರು. ನನ್ನ ಎದೆ ಝಲ್ಲೆಂದಿತು. ಫೋನ್ ಮಾಡಿದ ದಿನವೇ ಸಂಜೆ ಬಂದು ಸಿಮೆಂಟ್ ಹಾಕಿ ಸರಿಮಾಡಿದರು, ದುಡ್ಡು ಕೇಳಲಿಲ್ಲ. ಮಳೆಯಲ್ಲಿ ತಗಡು ಜಾರುತ್ತದೆ ಅಂತ ಮರಳು ಬೆರೆಸಿದ ಪೇಂಟ್ ಮಾತ್ರ ನಾನೇ ಕೇಳಿ ಹಾಕಿಸಿದೆ. ನೀವೂ ಮರೆಯದೆ ಕೇಳಿ.

ಈಗ ಬೆಳಗ್ಗೆ ಅಮ್ಮ ಕಂಬಿ ಹಿಡಿದು ತಾವೇ ಇಳಿಯುತ್ತಾರೆ. ಗೇಟಿನ ಹತ್ತಿರ ಹೂವಿನವರು ಬಂದರೆ ಒಂದು ಮೊಳ ಮಲ್ಲಿಗೆ ಚೌಕಾಸಿ ಮಾಡಿ ತಗೊಳ್ಳುತ್ತಾರೆ.